ಮೇಲಿನ ಗುಂಡಿ

ಜೇನುಮೇಣಕ್ಕೆ ಒಂದು ವಾಸನೆ ಇದೆ. ಹೊಗೆ, ಬೆವರು, ಯಾವುದೋ ಮರದ ಹೂವು, ಮೂರೂ ಬೆರೆತ ವಾಸನೆ. ನನ್ನ ಅಪ್ಪನ ಅಂಗಿಗೆ ಅದೇ ವಾಸನೆಯಿತ್ತು. ಅಪ್ಪನಿಗಿದ್ದದ್ದು ಒಂದೇ ಅಂಗಿ. ಅದನ್ನು ಬಿದಿರಿನ ಬುಟ್ಟಿಯಲ್ಲಿ ಮೇಣದ ಉಂಡೆಗಳ ಪಕ್ಕ ಮಡಿಸಿ ಇಡುತ್ತಿದ್ದ. ಹಾಗಿಟ್ಟರೆ ಹುಳ ಹಿಡಿಯುವುದಿಲ್ಲ ಎನ್ನುತ್ತಿದ್ದ. ನಿಜವೋ ಸುಳ್ಳೋ ಗೊತ್ತಿಲ್ಲ. ಹುಳ ಹಿಡಿಯುವಷ್ಟು ಕಾಲ ಆ ಅಂಗಿ ನಮ್ಮ ಹತ್ತಿರ ಉಳಿಯಲಿಲ್ಲ.

ನಾವು ಜೇನುಕುರುಬರು. ತಿತಿಮತಿಯಿಂದ ಆಚೆ, ಕಾಡಂಚಿನಲ್ಲಿ ನಮ್ಮ ಹಾಡಿ. ಅಪ್ಪನ ಹೆಸರು ಬೊಮ್ಮ. ಜೇನಿನ ಕಾಲದಲ್ಲಿ ಮರ ಹತ್ತುತ್ತಿದ್ದ. ಉಳಿದ ಕಾಲದಲ್ಲಿ ಸಾಹುಕಾರರ ಕಾಫಿ ತೋಟದಲ್ಲಿ ಕಳೆ ಕೀಳುತ್ತಿದ್ದ, ಮೂಟೆ ಹೊರುತ್ತಿದ್ದ. ಅವನ ಎಡಹೆಗಲು ಬಲಹೆಗಲಿಗಿಂತ ತಗ್ಗಾಗಿತ್ತು. ಚರ್ಮ ದಪ್ಪಗಟ್ಟಿ ಮರದ ತೊಗಟೆಯಂತಿತ್ತು. ನನ್ನನ್ನು ಆಶ್ರಮಶಾಲೆಗೆ ಸೇರಿಸಬೇಕೆಂದು ಅವನಿಗೆ ಯಾರು ಹೇಳಿದರೋ. ಬರಿಮೈಯಲ್ಲಿ ಹೋದರೆ ಮೇಷ್ಟ್ರು ಒಳಗೆ ಬಿಡುವುದಿಲ್ಲ ಎಂದು ಆ ವರ್ಷದ ಜೇನನ್ನೆಲ್ಲ ಮಾರಿ ಅಂಗಿ ಹೊಲಿಸಿದ. ಬಿಳಿ ಅಂಗಿ. ದರ್ಜಿಯ ಹತ್ತಿರ ಕೊನೆಗೆ ಒಂದು ಗುಂಡಿ ಕಡಿಮೆ ಬಿತ್ತಂತೆ. ಯಾವುದೋ ಹಳೆ ಕೋಟಿನ ನೀಲಿ ಗುಂಡಿಯನ್ನು ಕತ್ತಿನ ಹತ್ತಿರ ಹೊಲಿದುಕೊಟ್ಟ. ಅಪ್ಪನಿಗೆ ಆ ನೀಲಿ ಗುಂಡಿಯೇ ಹೆಮ್ಮೆ. ಸಾಹುಕಾರನ ಅಂಗಿಗೂ ಇಂಥದ್ದಿಲ್ಲ ಎನ್ನುತ್ತಿದ್ದ.

ಶಾಲೆಗೆ ಹೋಗುವ ಹಿಂದಿನ ದಿನ ಹಾಡಿಗೆ ಒಂದು ಜೀಪು ಬಂತು. ಕ್ಯಾಮೆರಾದವರು. ಬಿಳಿಯರಲ್ಲ. ನಮ್ಮ ನಾಡಿನವರೇ. ಪುಸ್ತಕದಲ್ಲಿರುವಂಥ ಒಳ್ಳೆಯ ಕನ್ನಡ ಮಾತಾಡುತ್ತಿದ್ದರು. ಅಪ್ಪ ಗೌರವಕ್ಕೆಂದು ಅಂಗಿ ತೊಟ್ಟುಕೊಂಡು ಎದುರು ಬಂದ. ಅವರಲ್ಲಿ ದೊಡ್ಡವನು ನೋಡಿ ಮುಖ ಸಿಂಡರಿಸಿದ. ಇವನ ಅಂಗಿ ತೆಗೆಸಿ, ಕಾಡಿನವರು ಕಾಡಿನವರ ಹಾಗೆ ಕಾಣಬೇಕು ಎಂದ. ಅಪ್ಪನಿಗೆ ಅರ್ಧ ಅರ್ಥವಾಯಿತು. ಅಂಗಿ ಚೆನ್ನಾಗಿದೆ, ನೋಡಬೇಕು ಎಂದು ಕೇಳುತ್ತಿದ್ದಾರೆ ಅಂದುಕೊಂಡ. ಒಂದೊಂದೇ ಗುಂಡಿ ಬಿಚ್ಚಿದ. ನೀಲಿ ಗುಂಡಿ ಮೇಲೆ ಕಾಣುವ ಹಾಗೆ ಮಡಿಸಿದ. ಎರಡೂ ಕೈಯಲ್ಲಿ ಹಿಡಿದು ಕೊಟ್ಟ.

ಅವರು ಅದನ್ನು ಜೀಪಿನೊಳಗೆ ಎಸೆದರು. ಸಂಜೆಯವರೆಗೂ ಅಪ್ಪ ಅವರು ಹೇಳಿದ ಮರ ಹತ್ತಿದ. ಇಳಿ ಎಂದಾಗ ಇಳಿದ. ಕುಣಿ ಎಂದಾಗ ಕುಣಿದ. ಹೊರಡುವಾಗ ಅಂಗಿ ವಾಪಸು ಕೊಡುವುದನ್ನು ಮರೆತರು. ಅಪ್ಪ ಜೀಪಿನ ಹಿಂದೆ ಓಡಿದ. ಕೈ ಚಾಚಿಕೊಂಡು, ಕೂಗುತ್ತಾ, ರಸ್ತೆಯ ತಿರುವಿನವರೆಗೂ ಓಡಿದ. ಜೀಪಿನ ಹಿಂಬದಿಯಲ್ಲಿ ಕೂತ ಕ್ಯಾಮೆರಾದವನು ಅದನ್ನೂ ತೆಗೆದುಕೊಂಡ.

ಮರುದಿನ ಅಪ್ಪ ಗೋಣಿಚೀಲ ಹೊದ್ದು ನನ್ನನ್ನು ಶಾಲೆಗೆ ಕರೆದುಕೊಂಡು ಹೋದ. ಗೇಟಿನ ಹೊರಗೇ ನಿಂತ. ಒಳಗೆ ಮೇಷ್ಟ್ರು ನನ್ನ ಹೆಸರು ಕೇಳಿದರು. ಬೊಳ್ಳಿ ಎಂದೆ. ಅದೆಂಥ ಹೆಸರು ಎಂದು ಅಂಬುಜಾ ಎಂದು ಬರೆದುಕೊಂಡರು. ತಕರಾರು ಮಾಡಲು ಅಪ್ಪ ಒಳಗಿರಲಿಲ್ಲ.

ಮೈಸೂರಿನಲ್ಲಿ ಬಿ.ಎ. ಓದುವಾಗ ಕಾಲೇಜಿನ ಸಭಾಂಗಣದಲ್ಲಿ ಆ ಚಿತ್ರ ತೋರಿಸಿದರು. ಆ ಹೊತ್ತಿಗೆ ಅಪ್ಪ ಸತ್ತು ಒಂದು ವರ್ಷವಾಗಿತ್ತು. ಪರದೆಯ ಮೇಲೆ ಅವನು ನನ್ನ ಕಡೆಗೆ ಓಡಿ ಬಂದ. ಅತಿಥಿಗಳನ್ನು ಬೀಳ್ಕೊಡಲು ಕಾಡಿನ ಮುಗ್ಧ ಮಕ್ಕಳು ಆನಂದದಿಂದ ಓಡಿಬರುತ್ತಾರೆ ಎಂದಿತು ಒಂದು ದನಿ. ಎಲ್ಲರೂ ಚಪ್ಪಾಳೆ ತಟ್ಟಿದರು. ಪಕ್ಕದ ಹುಡುಗಿ ಬಿದ್ದು ಬಿದ್ದು ನಕ್ಕಳು.

ಇದನ್ನು ನಾನು ಹೊರಗಿನವರಿಗೆ ಮೊದಲ ಸಲ ಹೇಳಿದ್ದು ಮ್ಯಾಂಚೆಸ್ಟರಿನಲ್ಲಿ. ಆಗ ನನಗೆ ಅರವತ್ತಾರು. ಆಶ್ರಮಶಾಲೆಗಳಲ್ಲೇ ಪಾಠ ಹೇಳಿ ನಿವೃತ್ತಿಯಾಗಿ ಮಗಳ ಮನೆಗೆ ಬಂದಿದ್ದೆ. ಮಗಳು ಶೋಭಾ ವಿದನ್‌ಶಾದ ಆಸ್ಪತ್ರೆಯಲ್ಲಿ ನರ್ಸ್. ಮನೆ ಅಲ್ಲಿಂದ ನಡೆದು ಹೋಗುವಷ್ಟು ಹತ್ತಿರ. ಯಾರಾದರೂ ಕನ್ನಡದವರು ಸಿಕ್ಕಿ ಯಾವ ಕಡೆಯವರು ಎಂದರೆ ಅವಳು ಮೈಸೂರು ಕಡೆ ಎಂದು ಹೇಳಿ ಮಾತು ಬದಲಿಸುತ್ತಿದ್ದಳು. ಅವಳ ಕಷ್ಟ ಅವಳಿಗೆ.

2014ರಲ್ಲಿ ಅಲ್ಲಿನ ಕನ್ನಡ ಸಂಘದವರ ರಾಜ್ಯೋತ್ಸವ ಸೊಲಿಹಲ್ ಎಂಬ ಊರಿನ ಒಂದು ಶಾಲೆಯ ಹಾಲಿನಲ್ಲಿ ಆಯಿತು. ಊಟದ ಸಾಲಿನಲ್ಲಿ ಬಡಿಸುತ್ತಿದ್ದ ಹರಿಪ್ರಿಯಾ ಎಂಬ ಹೆಂಗಸು ನನ್ನನ್ನು ಅದೇ ಪ್ರಶ್ನೆ ಕೇಳಿದರು. ಜೇನುಕುರುಬರು ಎಂದೆ. ಅವರ ಕೈಯಲ್ಲಿದ್ದ ಸೌಟು ಸ್ವಲ್ಪ ಹೊತ್ತು ಪಾತ್ರೆಯ ಮೇಲೆ ನಿಂತಿತು. ಆಮೇಲೆ ಎರಡು ಹೋಳಿಗೆ ಹೆಚ್ಚಾಗಿ ಹಾಕಿದರು. ಆಮೇಲೆ ಮಗನನ್ನು ಕರೆದರು.

ಮಗ ಪ್ರಣವ್. ಇಲ್ಲೇ ಹುಟ್ಟಿದವನು. ಟಿವಿಗೆ ಹಾಸ್ಯ ಬರೆಯುತ್ತಾನೆ, ನಟಿಸುತ್ತಾನೆ. ಆಗ ಹೊಸದೊಂದು ಧಾರಾವಾಹಿ ಬರೆಯುತ್ತಿದ್ದ. ಟಿವಿಯವರು ಕಾಡಿನ ಜನರನ್ನು ಹೇಗೆ ತೋರಿಸುತ್ತಾರೆ ಎಂಬುದನ್ನೇ ಗೇಲಿ ಮಾಡುವ ಧಾರಾವಾಹಿ. ಒಂದು ಇಂಗ್ಲಿಷ್ ಕಂಪನಿ ಕೊನೆಯ ಬುಡಕಟ್ಟು ಎಂಬ ಕಾರ್ಯಕ್ರಮ ಮಾಡಲು ಕಾಡಿಗೆ ಹೋಗುತ್ತದೆ. ಕಾಡಿನವರ ಹತ್ತಿರ ಮೊಬೈಲ್ ಇರುತ್ತದೆ. ಅವುಗಳನ್ನು ಬಚ್ಚಿಡಿ ಎಂದು ಕಂಪನಿಯವರು ಗೋಳಾಡುತ್ತಾರೆ. ಕೇಳಿ ನಾನು ಕಣ್ಣಲ್ಲಿ ನೀರು ಬರುವಷ್ಟು ನಕ್ಕೆ. ಇಷ್ಟು ವರ್ಷ ಯಾರೂ ಈ ಕಡೆಯಿಂದ ನಕ್ಕಿರಲಿಲ್ಲ.

ಅವನು ನಮ್ಮ ಮನೆಗೆ ಹಲವು ಸಲ ಬಂದ. ರಾಗಿಮುದ್ದೆ ಉಂಡ. ನುಂಗಲು ಬಾರದೆ ಅಗಿದು ಉಂಡ. ತನ್ನ ತಟ್ಟೆ ತಾನೇ ತೊಳೆದು ಒರೆಸಿ ಇಟ್ಟ. ಅದು ನನಗೆ ಹಿಡಿಸಿತು. ಅಪ್ಪನ ಅಂಗಿಯ ಕಥೆ ಹೇಳಿದೆ. ಅವನ ಕಣ್ಣು ತುಂಬಿತು. ನಾನು ನೋಡಿದ್ದೇನೆ, ಸುಳ್ಳಲ್ಲ.

ಕುಂಡೆ ಹಬ್ಬದ ವಿಷಯವನ್ನೂ ಹೇಳಿದೆ. ಹೆಸರು ಕೇಳಿ ಅವನು ನಕ್ಕ. ನಗಲಿ, ಅದು ನಗುವ ಹಬ್ಬವೇ. ಬೇಸಿಗೆಯ ಕೊನೆಗೆ ನಮ್ಮ ಗಂಡಸರು ಹರಕು ಸೀರೆ, ಹರಕು ಕೋಟು ಹಾಕಿಕೊಳ್ಳುತ್ತಾರೆ. ಮುಖಕ್ಕೆ ಮಸಿ ಬಳಿದುಕೊಳ್ಳುತ್ತಾರೆ. ತಗಡು ಬಡಿಯುತ್ತಾ ಪೇಟೆ, ತೋಟ ಸುತ್ತಿ ಎದುರು ಸಿಕ್ಕವರಿಗೆಲ್ಲ ಬೈಯುತ್ತಾರೆ. ಸಾಹುಕಾರ, ಪೊಲೀಸು, ಗಾರ್ಡು, ಯಾರೂ ಬಿಟ್ಟಿಲ್ಲ. ಕೊನೆಗೆ ದೇವರಿಗೂ ಬೈಯುತ್ತಾರೆ. ನಮ್ಮನ್ನು ಬೇಟೆಗೆಂದು ಕರೆತಂದು ಕಾಡಿನಲ್ಲೇ ಬಿಟ್ಟು ಹೋದ ದೇವರು ಅವನು. ಬೈಸಿಕೊಂಡವನು ತಿರುಗಿ ಬೈಯುವಂತಿಲ್ಲ. ನಿಂತು ಕೇಳಬೇಕು. ಕೇಳಿದ ಮೇಲೆ ಕೈಯಲ್ಲಿದ್ದದ್ದನ್ನು ಕೊಡಬೇಕು. ಕಾಸೋ, ಅಕ್ಕಿಯೋ, ತನ್ನ ಬುತ್ತಿಯ ಅನ್ನವೋ. ವರ್ಷವೆಲ್ಲ ಬೈಸಿಕೊಂಡವರು ಒಂದು ದಿನ ಬೈಯುತ್ತಾರೆ. ವರ್ಷವೆಲ್ಲ ತೆಗೆದುಕೊಂಡವರು ಒಂದು ದಿನ ಕೊಡುತ್ತಾರೆ. ಅಷ್ಟೇ ಹಬ್ಬ.

ಕಾಡಿನ ಅಜ್ಜಿಯ ಪಾತ್ರ ನೀವೇ ಮಾಡಿ ಎಂದು ಪ್ರಣವ್ ಕೇಳಿದ. ಶೋಭಾಗೆ ಇಷ್ಟವಿರಲಿಲ್ಲ.

“ಬೇಡ ಕಣವ್ವ. ನಿನ್ನ ನೋಡಿ ನಗ್ತಾರೆ.”

“ನಗಲಿ ಮಗಾ. ಈ ಸಲ ಜೀಪಿನವರನ್ನ ನೋಡಿ ನಗ್ತಾರೆ.”

ಶೂಟಿಂಗ್ ದಿನ ಪಾಳಿ ಬದಲಿಸಿಕೊಂಡು ಅವಳೇ ನನ್ನನ್ನು ಸ್ಟುಡಿಯೋ ಬಾಗಿಲವರೆಗೂ ಬಿಟ್ಟುಹೋದಳು.

ಸ್ಟುಡಿಯೋ ಒಳಗೆ ಕಾಡು ಕಟ್ಟಿದ್ದರು. ಪ್ಲಾಸ್ಟಿಕ್ ಬಳ್ಳಿ, ರಟ್ಟಿನ ಮರ. ಮರಕ್ಕೆ ವಾಸನೆ ಇರಲಿಲ್ಲ. ಎದುರಿಗೆ ಪ್ರೇಕ್ಷಕರು ಕೂರುವ ಮೆಟ್ಟಿಲು ಮೆಟ್ಟಿಲಾದ ಕುರ್ಚಿಗಳು. ನಗು ನಿಜವಾಗಿ ಕೇಳಬೇಕೆಂದು ಜನರನ್ನು ಕೂರಿಸಿ ತೆಗೆಯುತ್ತಾರಂತೆ. ಉಡುಪು ನೋಡಿಕೊಳ್ಳುವ ಹುಡುಗಿಯ ತಲೆಗೂದಲು ಹಸಿರು. ನನಗೆ ಹಾಕಬೇಕಾದ ತಗಡಿನ ಬಳೆಗಳು ತಣ್ಣಗಿದ್ದವು. ಅವಳು ಅವನ್ನು ತನ್ನ ಅಂಗೈಯಲ್ಲಿ ಮುಚ್ಚಿ ಬಿಸಿ ಮಾಡಿ ತೊಡಿಸಿದಳು. ಒಂದು ಬಿಳಿ ಅಂಗಿ ತೋರಿಸಿದಳು. ಕತ್ತಿನ ಹತ್ತಿರ ನೀಲಿ ಗುಂಡಿ. ಪ್ರಣವ್ ಹೇಳಿದ್ದನಂತೆ. ಸರಿಯಾದ ನೀಲಿಗಾಗಿ ಅಂಗಡಿ ಅಂಗಡಿ ಸುತ್ತಿದೆ ಎಂದಳು. ನಾನು ಆ ಗುಂಡಿ ಮುಟ್ಟಿ ನೋಡಿ ಅವಳ ತಲೆ ಸವರಿದೆ.

ಆ ಅಂಗಿ ಹಾಕಬೇಕಾದವರು ದಿನೇಶ. ಗುಜರಾತಿನವರು, ಲೀಡ್ಸಿನಲ್ಲಿ ಬಸ್ ಓಡಿಸುತ್ತಾರೆ. ರಜೆ ಹಾಕಿ ಸಣ್ಣಪುಟ್ಟ ಪಾತ್ರ ಮಾಡುತ್ತಾರೆ. ಇಪ್ಪತ್ತು ವರ್ಷದಲ್ಲಿ ಬರೀ ಟ್ಯಾಕ್ಸಿಯವನು, ಅಂಗಡಿಯವನು, ಬಾಂಬ್ ಇಡುವವನು. ಈ ಸಲ ಕಾಡಿನವನು. ಅವರ ಬಣ್ಣ ಸಾಲದೆಂದು ಮೈಗೆಲ್ಲ ಸ್ಪಂಜಿನಲ್ಲಿ ಕಂದು ಬಳಿದರು. ನನ್ನ ಬಣ್ಣ ಸಾಕು ಎಂದರು. ಅವರು ನನ್ನನ್ನು ಅಂಬುಜಾಬೆನ್ ಎಂದು ಕರೆದರು. ನಮ್ಮಿಬ್ಬರ ಮಾತು ನಾನು ಪರೀಕ್ಷೆಗೆಂದು ಕಲಿತ ಹಿಂದಿಯಲ್ಲಿ ನಡೆಯಿತು. ಚಹಾ ಕುಡಿಯುತ್ತಾ ಅವರಿಗೂ ಹಬ್ಬದ ವಿಷಯ ಹೇಳಿದೆ. ಬೈಸಿಕೊಂಡವನೇ ಊಟ ಕೊಡಬೇಕೇ ಎಂದು ಎರಡು ಸಲ ಕೇಳಿದರು. ಹಾಗಾದರೆ ನಾನು ದಿನಾ ಒಂದು ಬಸ್ಸಿನ ಜನಕ್ಕೆ ಅಡುಗೆ ಮಾಡಬೇಕಾಗುತ್ತದೆ ಎಂದರು. ಇಬ್ಬರೂ ನಕ್ಕೆವು. ತಮ್ಮ ಬಿಸ್ಕತ್ತನ್ನು ನನ್ನ ತಟ್ಟೆಗೆ ಹಾಕಿದರು.

ಆಮೇಲೆ ಅಂದಿನ ದೃಶ್ಯವನ್ನು ಓದಲು ಕೊಟ್ಟರು.

ಇಂಗ್ಲಿಷ್ ನಿರ್ದೇಶಕ ಕಾಡಿನ ಮುದುಕನಿಗೆ ಅಂಗಿ ಬಿಚ್ಚು ಎನ್ನುತ್ತಾನೆ. ಅವನು ಅಂಗಿಯನ್ನು ಗಟ್ಟಿಯಾಗಿ ಹಿಡಿದುಕೊಳ್ಳುತ್ತಾನೆ. ನಿರ್ದೇಶಕ ಅವನ ಹೆಂಡತಿಗೆ ಒಂದು ಬಿಸ್ಕತ್ ಪೊಟ್ಟಣ ತೋರಿಸುತ್ತಾನೆ. ಹೆಂಡತಿ ಪೊಟ್ಟಣ ಕಂಕುಳಲ್ಲಿ ಇಟ್ಟುಕೊಂಡು ಗಂಡನ ಮೇಲೆ ಬಿದ್ದು ಅಂಗಿ ಬಿಚ್ಚುತ್ತಾಳೆ. ನಿರ್ದೇಶಕ ಆ ಅಂಗಿಯಿಂದ ಕ್ಯಾಮೆರಾ ಒರೆಸಿ ಹೊರಟುಹೋಗುತ್ತಾನೆ. ಗಂಡ ಹಿಂದೆ ಓಡುತ್ತಾನೆ, ಬೀಳುತ್ತಾನೆ.

ಹೆಂಡತಿ ನಾನು.

ಎರಡು ಸಲ ಓದಿದೆ. ಪ್ರಣವ್‌ನನ್ನು ಹುಡುಕಿಕೊಂಡು ಹೋದೆ. ಅವನು ನಿಂತುಕೊಂಡೇ ಏನೋ ತಿನ್ನುತ್ತಿದ್ದ.

“ನಮ್ಮಪ್ಪ ತಾನೇ ಬಿಚ್ಚಿ ಕೊಟ್ಟದ್ದು. ನಂಬಿ ಕೊಟ್ಟದ್ದು. ನಮ್ಮವ್ವ ಬಿಸ್ಕತ್ತಿಗೆ ಕೀಳಲಿಲ್ಲ.”

“ಗೊತ್ತು ಆಂಟಿ. ಬಟ್ ಕಾಮಿಡಿಗೆ ಒಂದು ಫೈಟ್ ಬೇಕು. ಜೋಕ್ ಆ ಡೈರೆಕ್ಟರ್ ಮೇಲೆ, ನಿಮ್ಮ ಮೇಲೆ ಅಲ್ಲ.”

“ಆ ಡೈರೆಕ್ಟರು ಇಂಗ್ಲಿಷಿನವನಲ್ಲ. ಕನ್ನಡದವನು. ನಿಮ್ಮನೇಲಿ ಮಾತಾಡೋ ಕನ್ನಡವೇ ಮಾತಾಡ್ತಿದ್ದ.”

ಅವನು ಬೆರಳು ಒರೆಸಿಕೊಂಡ. ಇಲ್ಲಿ ನೋಡುವವರಿಗೆ ಅದೆಲ್ಲ ಅರ್ಥವಾಗುವುದಿಲ್ಲ ಎಂದ. ನಿನಗೆ ಅರ್ಥವಾಗುತ್ತದಲ್ಲಪ್ಪ ಎಂದೆ. ಅವನು ಫೋನ್ ನೋಡಿದ. ಯಾರೋ ಕರೆದರು. ಹೋದ.

ಮಧ್ಯಾಹ್ನ ಜನ ಬಂದು ಕೂತರು. ಎರಡನೇ ಸಾಲಿನಲ್ಲಿ ಹರಿಪ್ರಿಯಾ ರೇಷ್ಮೆ ಸೀರೆ ಉಟ್ಟು ಕೂತಿದ್ದರು. ನನಗೆ ಕೈ ಬೀಸಿದರು. ದೀಪ ಹತ್ತಿತು. ದೀಪದ ಕಾವಿಗೆ ದಿನೇಶರ ಬಣ್ಣ ಬೆವರಿನ ಜೊತೆ ಕರಗಿ ಕಾಲರಿಗೆ ಹತ್ತುತ್ತಿತ್ತು. ನಿರ್ದೇಶಕನ ಪಾತ್ರದವನು ಬಿಸ್ಕತ್ತು ಕೊಟ್ಟ. ಜನ ನಕ್ಕರು. ನಾನು ಪೊಟ್ಟಣ ಕಂಕುಳಲ್ಲಿ ಇಟ್ಟುಕೊಂಡೆ. ಜನ ಇನ್ನೂ ನಕ್ಕರು. ಅವರು ಜೀಪಿನವರನ್ನು ನೋಡುತ್ತಿರಲಿಲ್ಲ. ನನ್ನ ಕಂಕುಳನ್ನು ನೋಡುತ್ತಿದ್ದರು.

ಕೈ ಎತ್ತಿ ನೀಲಿ ಗುಂಡಿ ಹಿಡಿದೆ. ನನ್ನ ಬೆರಳ ಗಿಣ್ಣುಗಳು ಊದಿವೆ. ಚಿಕ್ಕಂದಿನಲ್ಲಿ ಆಶ್ರಮಶಾಲೆಯಲ್ಲಿ ಮೇಷ್ಟ್ರ ಮನೆಯ ಪಾತ್ರೆ ಬೂದಿಯಲ್ಲಿ ತಿಕ್ಕಿದ ಬೆರಳು. ಆಮೇಲೆ ಸೀಮೆಸುಣ್ಣ ಹಿಡಿದ ಬೆರಳು. ಅಂಗಿ ಸೋಪಿನಪುಡಿಯ ವಾಸನೆ ಬರುತ್ತಿತ್ತು. ಗುಂಡಿ ಅರ್ಧ ಹೊರಗೆ ಬಂತು. ಅದರ ಹಿಂದೆ ದಿನೇಶರ ಗಂಟಲು ಏರಿ ಇಳಿಯಿತು. ಮುದುಕನ ಗಂಟಲು. ಅಲ್ಲಿ ಬಣ್ಣ ಕರಗಿಹೋಗಿತ್ತು.

ಗುಂಡಿಯನ್ನು ತಿರುಗಿ ಕಾಜಾದೊಳಗೆ ತೂರಿಸಿದೆ. ಕಾಲರ್ ಸರಿ ಮಾಡಿದೆ. ಎದೆಯ ಮೇಲಿನ ಸುಕ್ಕು ಕೈಯಿಂದ ತೀಡಿದೆ.

ಇಡೀ ಹಾಲ್ ನಕ್ಕಿತು. ಅಷ್ಟು ಹೊತ್ತು ಬಂದಿರದಂಥ ನಗು. ಕೆಲವರು ಚಪ್ಪಾಳೆ ತಟ್ಟಿದರು. ಕ್ಯಾಮೆರಾದ ಹಿಂದೆ ಪ್ರಣವ್ ಹೆಬ್ಬೆರಳು ಎತ್ತಿ ತೋರಿಸಿದ. ತುಂಬಾ ಚೆನ್ನಾಗಿ ಬಂತು, ಇದನ್ನು ಇಟ್ಟುಕೊಳ್ಳೋಣ, ಈಗ ಬಿಚ್ಚಿ ಎಂದರು ಯಾರೋ.

“ಬಿಚ್ಚಲ್ಲ.”

ಎದೆಗೆ ಸಿಕ್ಕಿಸಿದ್ದ ಮೈಕ್ ಅದನ್ನೂ ದೊಡ್ಡದು ಮಾಡಿತು. ಅದಕ್ಕೂ ನಕ್ಕರು. ಯಾವ ಭಾಷೆಯಲ್ಲಿ ಬೇಡ ಎಂದರೂ ಅವರಿಗೆ ನಗು ಬರುತ್ತಿತ್ತು.

ಪ್ರಣವ್ ರಟ್ಟಿನ ಮರಗಳ ನಡುವೆ ನಡೆದು ಬಂದ. ಮೈಕ್ ಆರಿಸಿದ. ಕಿವಿಯ ಹತ್ತಿರ ಬಗ್ಗಿ ಪಿಸುಗುಟ್ಟಿದ.

“ಪ್ಲೀಸ್ ಆಂಟಿ. ಓಕೆ, ಬಿಚ್ಚಬೇಡಿ. ಬೈಯಿರಿ. ನಿಮ್ಮ ಹಬ್ಬದಲ್ಲಿ ಬೈತೀರಲ್ಲ, ಹಾಗೆ. ನಿಮ್ಮ ಭಾಷೆಯಲ್ಲಿ. ಅದು ಇನ್ನೂ ಫನ್ನಿ ಆಗಿರತ್ತೆ.”

ನಾನು ಬಿಸ್ಕತ್ ಪೊಟ್ಟಣವನ್ನು ಅವನ ಕೈಯಲ್ಲಿಟ್ಟೆ.

“ಬೈಸಿಕೊಳ್ಳೋನು ನಿಂತು ಕೇಳಬೇಕು. ಕೇಳಿ ಕೈಯಲ್ಲಿರೋದನ್ನ ಕೊಡಬೇಕು. ನೀನು ಬಂದೆ. ಉಂಡೆ. ನಮ್ಮಪ್ಪನ್ನ ತಗೊಂಡು ಹೋದೆ. ನಿನಗೆ ನಾನು ಬೈಯಲ್ಲ ಪ್ರಣವ್. ಬೈಯೋಷ್ಟು ನೀನು ನಮ್ಮೋನಲ್ಲ.”

ಅವನ ಮುಖ ಸಣ್ಣ ಹುಡುಗನ ಮುಖದಂತಾಯಿತು. ಎರಡನೇ ಸಾಲಿನಲ್ಲಿ ಹರಿಪ್ರಿಯಾ ಕೈಚೀಲದೊಳಗೆ ಏನೋ ಹುಡುಕತೊಡಗಿದರು. ನಾನು ಕಾಡಿನಿಂದ ಕೆಳಗೆ ಇಳಿದೆ. ಹಸಿರು ಕೂದಲಿನ ಹುಡುಗಿ ಓಡಿ ಬಂದು ಕೈ ಹಿಡಿದು ಇಳಿಸಿದಳು. ತನ್ನ ಕೋಟು ತೆಗೆದು ನನ್ನ ಮೇಲೆ ಹೊದಿಸಿದಳು. ದಿನೇಶ ಇದ್ದಲ್ಲೇ ನಿಂತಿದ್ದರು. ನನ್ನನ್ನು ನೋಡಿದರು. ಅವರ ಕಾಲು ಒಂದು ಹೆಜ್ಜೆ ಮುಂದೆ ಬಂತು. ಮತ್ತೆ ಹಿಂದೆ ಹೋಯಿತು. ಅವರಿಗೆ ಆ ಕೆಲಸ ಬೇಕಿತ್ತು. ನನಗೆ ತಿಳಿಯಿತು.

ಹೊರಗಿನ ಓಣಿಯಲ್ಲಿ ಪ್ಲಾಸ್ಟಿಕ್ ಕುರ್ಚಿಯ ಮೇಲೆ ಕೂತು ಶೋಭಾಗೆ ಕಾದೆ. ಗೋಡೆಯ ಆಚೆ ಒಮ್ಮೆ ಸದ್ದಡಗಿತು. ಆಮೇಲೆ ನಗು ಎದ್ದಿತು. ಆಮೇಲೆ ರಟ್ಟಿನ ನೆಲದ ಮೇಲೆ ಯಾರೋ ಬರಿಗಾಲಲ್ಲಿ ಓಡುವ ಸದ್ದು. ಯಾರೋ ದೊಪ್ಪನೆ ಬಿದ್ದ ಸದ್ದು. ಮತ್ತೆ ನಗು.

ನನ್ನ ಭಾಗವನ್ನು ತೆಗೆದುಹಾಕಿ ಎಂದು ಪ್ರಣವ್‌ಗೆ ಹೇಳಿ ಕಳಿಸಿದೆ. ನೋಡೋಣ ಎಂದು ಉತ್ತರ ಬಂತು.

ಚಳಿಗಾಲ ಕಳೆದ ಮೇಲೆ ಆ ಕಂತು ಟಿವಿಯಲ್ಲಿ ಬಂತು. ಶೋಭಾ ಆ ಸಂಜೆ ಮನೆಯಲ್ಲೇ ಇದ್ದಳು. ನೋಡುವುದು ಬೇಡ ಎಂದಳು. ನೋಡಬೇಕು ಎಂದೆ. ಅಪ್ಪನನ್ನು ಏನು ಮಾಡಿದ್ದಾರೆ ಎಂದು ನನಗೆ ತಿಳಿಯಬೇಕಿತ್ತು.

ಬಿಸ್ಕತ್ತು ಬಂತು. ನನ್ನ ಮುಖ ಬಂತು. ನನ್ನ ಕೈ ನೀಲಿ ಗುಂಡಿಯನ್ನು ತಿರುಗಿ ಹಾಕಿತು, ಕಾಲರ್ ಸರಿ ಮಾಡಿತು. ಜನ ನಕ್ಕರು. ಅದನ್ನು ಇಟ್ಟುಕೊಂಡಿದ್ದರು. ಕೂಡಲೇ ಇನ್ನೆರಡು ಕೈ ಬಂದವು. ಎಳೆಯ ಕೈ, ಊದದ ಗಿಣ್ಣು, ಕಂದು ಬಣ್ಣ ಬಳಿದ ಬೆರಳು. ಉಗುರಿನ ಸಂದಿಯಲ್ಲಿ ಬಿಳುಪು ಉಳಿದಿತ್ತು. ಅವು ಗುಂಡಿಗಳನ್ನು ಪಟಪಟ ಕಿತ್ತವು. ನೋಡುವವರಿಗೆ ಅದು ನಾನೇ. ಹಾಕಿದ್ದೂ ನಾನೇ, ಬಿಸ್ಕತ್ತಿಗೆ ಕಿತ್ತದ್ದೂ ನಾನೇ.

ಆಮೇಲೆ ದಿನೇಶ ಓಡಿದರು. ಬರಿಮೈ, ಚಾಚಿದ ಕೈ. ಅಪ್ಪ ಓಡಿದ. ನಗು ಅವನ ಹಿಂದೆಯೇ ಓಡಿತು. ಕೊನೆಗೆ ಹೆಸರುಗಳು ಬಂದವು. ನನ್ನದೂ ಬಂತು. ಮೇಷ್ಟ್ರು ಬರೆದುಕೊಂಡ ಹೆಸರು.

ಶೋಭಾ ಟಿವಿ ಆರಿಸಿದಳು. ನಾನು ಹೇಳಿರಲಿಲ್ಲವೇ ಎಂದು ಅವಳು ಕೇಳಬಹುದಿತ್ತು. ಕೇಳಲಿಲ್ಲ. ನೆಲಕ್ಕೆ ಕೂತು ನನ್ನ ಕಾಲು ತನ್ನ ತೊಡೆಯ ಮೇಲೆ ಇಟ್ಟುಕೊಂಡಳು. ಹಿಮ್ಮಡಿ ಒತ್ತುತ್ತಾ ಕೇಳಿದಳು.

“ಅವ್ವ, ತಾತ ಚೆನ್ನಾಗಿ ಓಡ್ತಿದ್ನಾ?”

“ಚೆನ್ನಾಗಿ ಓಡ್ತಿದ್ದ ಮಗಾ. ಬೀಳಲಿಲ್ಲ.”

ಮರುದಿನ ಆಸ್ಪತ್ರೆಯಲ್ಲಿ ಜೊತೆಯವಳೊಬ್ಬಳು ನಿನ್ನ ಅಮ್ಮ ಎಷ್ಟು ಚೆನ್ನಾಗಿ ನಗಿಸುತ್ತಾರೆ ಎಂದು ಶೋಭಾಳನ್ನು ಅಪ್ಪಿಕೊಂಡಳಂತೆ. ಒಳ್ಳೆಯ ಹುಡುಗಿ, ರಾತ್ರಿಪಾಳಿಯಲ್ಲಿ ಶೋಭಾಗೆ ಕಾಫಿ ತಂದುಕೊಡುವವಳು. ಟಿವಿಯ ಪೊಳ್ಳುತನವನ್ನು ಧೈರ್ಯವಾಗಿ ಬಯಲು ಮಾಡಿದ್ದಾರೆ ಎಂದು ಒಂದು ಪತ್ರಿಕೆ ಪ್ರಣವ್‌ನನ್ನು ಹೊಗಳಿತು. ನಮ್ಮ ಸಂಘಕ್ಕೇ ಹೆಮ್ಮೆ ಎಂದು ಹರಿಪ್ರಿಯಾ ಫೋನಿಗೆ ಹೂವಿನ ಚಿತ್ರ ಕಳಿಸಿದರು. ಪ್ರಣವ್ ಬರಲಿಲ್ಲ. ಅವನು ಬಂದರೆ ಬೈಯಬೇಕೆಂದು ಆಗ ನನಗೆ ಅನ್ನಿಸುತ್ತಿತ್ತು. ಬಂದು ಬಾಗಿಲಲ್ಲಿ ನಿಂತು ಕೇಳಿಸಿಕೊಂಡಿದ್ದರೆ ಅವನೂ ನಮ್ಮವನೇ ಆಗುತ್ತಿದ್ದ. ಕೆಲವು ದಿನ ಬಾಗಿಲ ಕಡೆ ಕಿವಿ ಇಟ್ಟೇ ಇದ್ದೆ.

ಒಂದು ಭಾನುವಾರ ಮಧ್ಯಾಹ್ನ ಬಾಗಿಲ ಗಂಟೆ ಸದ್ದಾಯಿತು. ಶೋಭಾ ಕೆಲಸಕ್ಕೆ ಹೋಗಿದ್ದಳು. ನಾನೇ ಹೋಗಿ ತೆಗೆದೆ.

ದಿನೇಶ ನಿಂತಿದ್ದರು. ಬಸ್ಸಿನವರ ಸಮವಸ್ತ್ರದಲ್ಲೇ ಬಂದಿದ್ದರು. ಅಂಗಿಯ ಗುಂಡಿ ಕತ್ತಿನವರೆಗೂ ಹಾಕಿತ್ತು. ಗುಡ್ಡ ದಾಟಿ ಲೀಡ್ಸಿನಿಂದ ಕಾರು ಓಡಿಸಿಕೊಂಡು ಬಂದಿದ್ದರು. ಒಳಗೆ ಬನ್ನಿ ಎಂದೆ. ಸಂಜೆ ಡ್ಯೂಟಿ ಇದೆ, ಹೋಗಬೇಕು ಎಂದರು. ನನ್ನ ಮುಖ ನೋಡಲಿಲ್ಲ. ಬಾಗಿಲ ಪಕ್ಕದ ಗೋಡೆಯನ್ನು ನೋಡುತ್ತಿದ್ದರು. ಕಾಲರಿನ ಒಳಗೆ ಅವರ ಗಂಟಲು ಏರಿ ಇಳಿಯಿತು.

ಅವರಿಗೆ ನಾನು ಒಂದು ಮಾತೂ ಬೈದಿರಲಿಲ್ಲ.

ಕಾಲ ಬಳಿ ಇಟ್ಟಿದ್ದ ಚೀಲದಿಂದ ಸ್ಟೀಲಿನ ಕ್ಯಾರಿಯರ್ ತೆಗೆದರು. ಬಿಸಿ ಆರದಿರಲೆಂದು ಅದಕ್ಕೆ ಟವೆಲ್ ಸುತ್ತಿದ್ದರು. ಟವೆಲ್ ಬಿಚ್ಚಿ, ಮಡಿಸಿ, ಕ್ಯಾರಿಯರಿನ ಕೆಳಗೆ ಇಟ್ಟು, ಎರಡೂ ಕೈಯಲ್ಲಿ ಹಿಡಿದು ಮುಂದೆ ಚಾಚಿದರು.

“ಖಿಚಡಿ” ಎಂದರು.

ನಾನು ಎರಡೂ ಕೈಯಲ್ಲಿ ತೆಗೆದುಕೊಂಡೆ.